ವಿಲಿಯಂ ಫ್ರಾಲಿ ಅವರನ್ನು ಫ್ರೆಡ್ ಮರ್ಟ್ಜ್ ಎಂದಷ್ಟೇ ನೆನೆಯುವುದು ನ್ಯಾಯವೇ?

ಹಳೆಪರದೆ (ಚರ್ಚೆ ಆರಂಭಿಸಿದವರು)

ಅಮೆರಿಕದ ಟೆಲಿವಿಷನ್ನಿನ ಮೊದಲ ದಶಕದ ಬಗ್ಗೆ ಬರೆಯುವವರಲ್ಲಿ ಹೆಚ್ಚಿನವರು ವಿಲಿಯಂ ಫ್ರಾಲಿ ಅವರನ್ನು ಒಂದೇ ಸಾಲಿನಲ್ಲಿ ಮುಗಿಸಿಬಿಡುತ್ತಾರೆ: ‘ಐ ಲವ್ ಲೂಸಿ’ ಧಾರಾವಾಹಿಯಲ್ಲಿ ಮನೆ ಮಾಲೀಕ ಫ್ರೆಡ್ ಮರ್ಟ್ಜ್‌ನ ಪಾತ್ರ ಮಾಡಿದವರು, ಅಷ್ಟೆ. ಆ ಧಾರಾವಾಹಿಯ ಮೊದಲ ಕಂತು 1951ರ ಅಕ್ಟೋಬರ್ 15ರಂದು ಪ್ರಸಾರವಾದಾಗ ಅವರಿಗೆ 64 ವರ್ಷ. ಅಷ್ಟರೊಳಗೆ ಅವರು ನೂರಕ್ಕೂ ಹೆಚ್ಚು ಚಿತ್ರಗಳಲ್ಲಿ ಪೋಷಕ ನಟರಾಗಿ ದುಡಿದಿದ್ದರು. ಆ ದುಡಿಮೆಯ ಬಗ್ಗೆ ನಮ್ಮ ವೇದಿಕೆಯಲ್ಲಿ ಇದುವರೆಗೆ ಚರ್ಚೆ ನಡೆದಿಲ್ಲವಾದ್ದರಿಂದ ಇದನ್ನು ಆರಂಭಿಸುತ್ತಿದ್ದೇನೆ.

1887ರ ಫೆಬ್ರವರಿ 26ರಂದು ಅಯೋವಾ ರಾಜ್ಯದ ಬರ್ಲಿಂಗ್ಟನ್ನಿನಲ್ಲಿ ಹುಟ್ಟಿದ ಫ್ರಾಲಿ, ಯೌವನದಲ್ಲಿ ರೈಲ್ವೆ ಕಚೇರಿಯಲ್ಲಿ ಶೀಘ್ರಲಿಪಿಕಾರರಾಗಿದ್ದರು. ಮಗ ರಂಗದ ಮೇಲೆ ಹೋಗುವುದು ತಾಯಿಗೆ ಇಷ್ಟವಿರಲಿಲ್ಲ. ಆದರೂ ಹೋದರು. ಮೊದಲು ತಮ್ಮನ ಜೊತೆ, ಆಮೇಲೆ ಪತ್ನಿಯ ಜೊತೆ ಜೋಡಿಯಾಗಿ ಊರೂರು ಸುತ್ತುತ್ತ ವಾಡ್‌ವಿಲ್ ಎಂಬ ಹಾಡು, ಕುಣಿತ, ಹಾಸ್ಯಗಳ ಪ್ರದರ್ಶನಗಳಲ್ಲಿ ಪಳಗಿದರು. 1920ರ ದಶಕದ ನಡುವಿನಿಂದ ನ್ಯೂಯಾರ್ಕಿನ ಬ್ರಾಡ್‌ವೇ ನಾಟಕಗಳಲ್ಲಿ ಕಾಣಿಸಿಕೊಂಡು, 1933ರ ಹೊತ್ತಿಗೆ ಪ್ಯಾರಮೌಂಟ್ ಸಂಸ್ಥೆಯ ಒಪ್ಪಂದಕ್ಕೆ ಸಹಿ ಹಾಕಿದರು. ಅಲ್ಲಿಂದ ಮುಂದೆ ಪತ್ರಕರ್ತ, ಪೊಲೀಸ್ ಅಧಿಕಾರಿ, ಕುಸ್ತಿ ಮತ್ತು ಬಾಕ್ಸಿಂಗ್ ಮ್ಯಾನೇಜರ್, ಜೂಜುಕೋರ, ರಾಜಕೀಯ ದಲ್ಲಾಳಿ, ಹೀಗೆ ಚಿತ್ರದಲ್ಲಿ ಎರಡು ಮೂರು ದೃಶ್ಯಗಳಿಗೆ ಬಂದು ಹೋಗುವ ಪಾತ್ರಗಳೇ ಅವರ ಪಾಲಿಗೆ ಬಂದವು. 1939ರ ‘ಹಕಲ್‌ಬೆರಿ ಫಿನ್’ ಚಿತ್ರದ ಠಕ್ಕ ‘ಡ್ಯೂಕ್’, 1942ರ ‘ಜೆಂಟಲ್‌ಮನ್ ಜಿಮ್’ನ ಬಾಕ್ಸಿಂಗ್ ಮ್ಯಾನೇಜರ್, 1944ರ ‘ಗೋಯಿಂಗ್ ಮೈ ವೇ’ಯ ಸಂಗೀತ ಪ್ರಕಾಶಕ, ಇವೆಲ್ಲ ಅವರೇ.

ನನ್ನ ಅಭಿಪ್ರಾಯ ಇದು. ಸಿನಿಮಾ ಫ್ರಾಲಿಯವರಿಗೆ ಕೆಲಸ ಕೊಟ್ಟಿತು, ಹೆಸರು ಕೊಡಲಿಲ್ಲ. ಟೆಲಿವಿಷನ್ ಹೆಸರು ಕೊಟ್ಟಿತು, ಆದರೆ ಅದು ಪಾತ್ರದ ಹೆಸರು. ಮುಖ ಗೊತ್ತು, ಹೆಸರು ಗೊತ್ತಿಲ್ಲ ಎಂಬ ಸ್ಥಿತಿಯಲ್ಲಿ ಮುದುಕರಾಗುತ್ತಿದ್ದ ಒಂದಿಡೀ ಪೀಳಿಗೆಯ ಪೋಷಕ ನಟರನ್ನು 1950ರ ದಶಕದ ಟೆಲಿವಿಷನ್ ಕೈಹಿಡಿದು ಮನೆಯೊಳಗೆ ಕರೆತಂದಿತು. ಅವರು ತಮ್ಮೊಂದಿಗೆ ತಂದ ಕಸುಬು ಇಲ್ಲದಿದ್ದರೆ ಆ ಧಾರಾವಾಹಿಗಳು ನಿಲ್ಲುತ್ತಲೂ ಇರಲಿಲ್ಲ. ಬಲ್ಲವರು ಒಪ್ಪಬೇಕು, ಇಲ್ಲವೇ ತಿದ್ದಬೇಕು.


ರಂಗಾಸಕ್ತ

ಹಳೆಪರದೆಯವರೇ, ಫ್ರಾಲಿಯವರ ಕಸುಬಿನ ಬೇರು ವಾಡ್‌ವಿಲ್‌ನಲ್ಲಿದೆ ಎಂಬುದನ್ನು ಇನ್ನೂ ಒತ್ತಿ ಹೇಳಬೇಕಿತ್ತು. ವಾಡ್‌ವಿಲ್ ಕಲಾವಿದನಿಗೆ ಒಂದು ಊರಿನಲ್ಲಿ ಸಿಗುತ್ತಿದ್ದುದು ಹತ್ತು ಹದಿನೈದು ನಿಮಿಷಗಳ ಅವಕಾಶ ಮಾತ್ರ. ಅಷ್ಟರೊಳಗೆ ಅಪರಿಚಿತ ಪ್ರೇಕ್ಷಕರನ್ನು ನಗಿಸದಿದ್ದರೆ ಮುಂದಿನ ವಾರದ ಕೆಲಸವಿಲ್ಲ. ಎರಡೇ ದೃಶ್ಯಗಳಿಗಾಗಿ ಸಿನಿಮಾಕ್ಕೆ ಬರುವ ಪೋಷಕ ನಟನಿಗೆ ಇದಕ್ಕಿಂತ ಒಳ್ಳೆಯ ತಾಲೀಮು ಇನ್ನೆಲ್ಲಿಯೂ ಸಿಗಲಾರದು. ಬಾಗಿಲು ತೆರೆದು ಒಳಗೆ ಬರುವಷ್ಟರಲ್ಲೇ ಈತ ಯಾರು, ಈತನ ಸ್ವಭಾವವೇನು ಎಂಬುದು ಪ್ರೇಕ್ಷಕನಿಗೆ ತಿಳಿದುಬಿಡಬೇಕು. ಫ್ರಾಲಿ ಅದನ್ನು ನಡಿಗೆಯಿಂದಲೇ ತಿಳಿಸುತ್ತಿದ್ದರು.

ಅವರು ಒಳ್ಳೆಯ ಹಾಡುಗಾರರೂ ಹೌದು. ‘ಮೈ ಮೆಲಂಕಲಿ ಬೇಬಿ’ ಎಂಬ ಪ್ರಸಿದ್ಧ ಗೀತೆಯನ್ನು 1912ರಲ್ಲಿ ಸಾರ್ವಜನಿಕವಾಗಿ ಮೊದಲು ಹಾಡಿದವರು ತಾವೇ ಎಂದು ಅವರು ಹೇಳಿಕೊಳ್ಳುತ್ತಿದ್ದರು. 1965ರಲ್ಲಿ ‘ಐ ಹ್ಯಾವ್ ಗಾಟ್ ಎ ಸೀಕ್ರೆಟ್’ ಎಂಬ ಟಿವಿ ಕಾರ್ಯಕ್ರಮಕ್ಕೆ ಅತಿಥಿಯಾಗಿ ಬಂದಾಗ ಅವರ ‘ಗುಟ್ಟು’ ಇದೇ ಆಗಿತ್ತು. ‘ಐ ಲವ್ ಲೂಸಿ’ಯ ಬರಹಗಾರರು ಈ ಹಿನ್ನೆಲೆಯನ್ನು ವ್ಯರ್ಥ ಮಾಡಲಿಲ್ಲ. ಫ್ರೆಡ್ ಮರ್ಟ್ಜ್‌ನನ್ನೂ ಹಳೆಯ ವಾಡ್‌ವಿಲ್ ಕಲಾವಿದನನ್ನಾಗಿಯೇ ರೂಪಿಸಿದರು. 1954ರ ‘ಮರ್ಟ್ಜ್ ಆ್ಯಂಡ್ ಕರ್ಟ್ಜ್’ ಕಂತಿನಲ್ಲಿ ಹಳೆಯ ಜೊತೆಗಾರ ಮನೆಗೆ ಬರುತ್ತಾನೆ, ಕೊನೆಗೆ ಎಲ್ಲರೂ ಸೇರಿ ಹಳೆಯ ಶೈಲಿಯ ಪ್ರದರ್ಶನವೊಂದನ್ನು ನಡೆಸುತ್ತಾರೆ. ಅಲ್ಲಿ ಫ್ರಾಲಿಯವರ ಪಾದಗಳನ್ನು ಗಮನಿಸಿ. ದಪ್ಪ ದೇಹ, ಎದೆಯವರೆಗೆ ಏರಿಸಿದ ಪ್ಯಾಂಟು, ವಯಸ್ಸು ಅರವತ್ತರ ಮೇಲೆ, ಆದರೂ ಹೆಜ್ಜೆ ತಾಳ ತಪ್ಪುವುದಿಲ್ಲ.

ಇನ್ನೊಂದು ಮಾತು. ಧಾರಾವಾಹಿಯ ಸ್ಕ್ರಿಪ್ಟ್ ಕೈಗೆ ಬಂದಾಗ ಅವರು ತಮ್ಮ ಮಾತುಗಳಿರುವ ಹಾಳೆಗಳನ್ನಷ್ಟೇ ಇಟ್ಟುಕೊಂಡು ಉಳಿದುದನ್ನು ಓದುತ್ತಲೇ ಇರಲಿಲ್ಲವೆಂದು ಅಲ್ಲಿನ ಬರಹಗಾರರು ಹೇಳಿದ್ದಾರೆ. ಇದನ್ನು ಸೋಮಾರಿತನವೆಂದು ಬಗೆಯುವವರಿದ್ದಾರೆ. ಆದರೆ ಅವರು ಬೆಳೆದ ರಂಗಭೂಮಿಯಲ್ಲಿ ನಟನಿಗೆ ಅವನ ಮಾತು ಮತ್ತು ಅದಕ್ಕೆ ಮುಂಚಿನ ಸೂಚನೆಯ ಮಾತು ಇಷ್ಟನ್ನು ಮಾತ್ರ ಬರೆದು ಕೊಡುವ ಪದ್ಧತಿ ಬಹುಕಾಲ ಇತ್ತು. ಕಲಿತ ಕ್ರಮವನ್ನು ಅವರು ಕೊನೆಯವರೆಗೂ ಬಿಡಲಿಲ್ಲ ಎಂದು ನಾನು ತಿಳಿಯುತ್ತೇನೆ.


ನ್ಯೂಜೆರ್ಸಿ ಕನ್ನಡತಿ

ನಾನಿರುವಲ್ಲಿ ಪ್ರತಿ ಡಿಸೆಂಬರಿನಲ್ಲಿ ಟಿವಿಯಲ್ಲಿ ತಪ್ಪದೆ ಬರುವ ಚಿತ್ರಗಳಲ್ಲಿ 1947ರ ‘ಮಿರಾಕಲ್ ಆನ್ 34ತ್ ಸ್ಟ್ರೀಟ್’ ಒಂದು. ಫ್ರಾಲಿಯವರ ಪೋಷಕ ನಟನೆ ಎಂಥದೆಂದು ತಿಳಿಯಲು ಬಯಸುವವರಿಗೆ ಆ ಚಿತ್ರದ ಒಂದೇ ದೃಶ್ಯ ಸಾಕು.

ತಾನೇ ಸಾಂತಾಕ್ಲಾಸ್ ಎನ್ನುವ ವೃದ್ಧನೊಬ್ಬನ ಮಾನಸಿಕ ಸ್ಥಿತಿಯ ವಿಚಾರಣೆ ನ್ಯೂಯಾರ್ಕ್ ನ್ಯಾಯಾಲಯದಲ್ಲಿ ನಡೆಯುತ್ತಿರುತ್ತದೆ. ಸಾಂತಾಕ್ಲಾಸ್ ಎಂಬುವನು ಇಲ್ಲವೆಂದು ನ್ಯಾಯಾಧೀಶರು ತೀರ್ಪು ಕೊಡಬೇಕಾದ ಹಂತ ಬರುತ್ತದೆ. ಅಮೆರಿಕದಲ್ಲಿ ಇಂಥ ನ್ಯಾಯಾಧೀಶರು ಚುನಾವಣೆಯಲ್ಲಿ ಗೆದ್ದು ಬರುವವರು. ಫ್ರಾಲಿ ಇಲ್ಲಿ ಆ ನ್ಯಾಯಾಧೀಶರ ರಾಜಕೀಯ ಸಲಹೆಗಾರ ಚಾರ್ಲಿ ಹ್ಯಾಲೊರನ್. ತೀರ್ಪಿನ ಪರಿಣಾಮವನ್ನು ಅವನು ನ್ಯಾಯಾಧೀಶರ ಕೊಠಡಿಯಲ್ಲಿ ಒಂದೊಂದಾಗಿ ವಿವರಿಸುತ್ತಾನೆ: ಆಟಿಕೆ ಮಾಡುವ ಕಾರ್ಖಾನೆಯವರು ನಿಮಗೆ ವಿರೋಧ, ಅಲ್ಲಿ ದುಡಿಯುವ ಕಾರ್ಮಿಕ ಸಂಘಟನೆಗಳು ವಿರೋಧ, ಆಟಿಕೆ ಮಾರುವ ದೊಡ್ಡ ಅಂಗಡಿಗಳು ವಿರೋಧ, ಬೀದಿ ಬೀದಿಯಲ್ಲಿ ಸಾಂತಾಕ್ಲಾಸನನ್ನು ನಿಲ್ಲಿಸಿ ಕಾಣಿಕೆ ಎತ್ತುವ ಧರ್ಮಸಂಸ್ಥೆಯೂ ವಿರೋಧ. ಕೊನೆಗೆ ನಿಮಗೆ ಬೀಳುವುದು ಎರಡೇ ಮತ, ನಿಮ್ಮದೊಂದು, ಸರ್ಕಾರಿ ವಕೀಲನದೊಂದು ಎನ್ನುತ್ತಾನೆ. ನ್ಯಾಯಾಧೀಶರು ಮುಖ ಸಪ್ಪಗೆ ಮಾಡಿಕೊಂಡು, ಆ ವಕೀಲ ರಿಪಬ್ಲಿಕನ್ ಪಕ್ಷದವನು (ಅಂದರೆ ಎದುರು ಪಕ್ಷದವನು) ಎಂದು ಉತ್ತರಿಸುತ್ತಾರೆ.

ನಗು ಹುಟ್ಟಿಸುವ ಕೊನೆಯ ಮಾತು ಫ್ರಾಲಿಯವರದಲ್ಲ, ನ್ಯಾಯಾಧೀಶರಾಗಿ ನಟಿಸಿದ ಜೀನ್ ಲಾಕ್‌ಹಾರ್ಟ್ ಅವರದು. ಆದರೆ ಆ ಮಾತು ಬಂದು ಕೂರಲು ಬೇಕಾದ ಕಟ್ಟೆಯನ್ನು ಕಟ್ಟುವವರು ಫ್ರಾಲಿ. ಅವರು ಎಲ್ಲೂ ಹಾಸ್ಯ ಮಾಡುವವರಂತೆ ಕಾಣುವುದಿಲ್ಲ. ಲೆಕ್ಕ ಬಲ್ಲವನೊಬ್ಬ ಚಿಂತೆಯಿಂದ ಲೆಕ್ಕ ಒಪ್ಪಿಸುವಂತೆ ಮಾತನಾಡುತ್ತಾರೆ. ಇನ್ನೊಬ್ಬರ ಮಾತು ಮೇಲೇಳುವಂತೆ ತನ್ನ ಮಾತನ್ನು ಇಳಿಸಿಕೊಳ್ಳುವ ಈ ಔದಾರ್ಯವೇ ಪೋಷಕ ನಟನ ದೊಡ್ಡ ಗುಣವೆಂದು ನನಗೆ ಅನ್ನಿಸುತ್ತದೆ. ಆ ವರ್ಷ ಪೋಷಕ ನಟ ಆಸ್ಕರ್ ಈ ಚಿತ್ರಕ್ಕೇ ಬಂದಿತು, ಆದರೆ ಸಾಂತಾಕ್ಲಾಸನಾಗಿ ನಟಿಸಿದ ಎಡ್ಮಂಡ್ ಗ್ವೆನ್ ಅವರಿಗೆ. ಅದು ಯೋಗ್ಯರಿಗೇ ಸಂದಿತು. ಆದರೂ ಫ್ರಾಲಿಯವರಿಗೆ ಇಡೀ ಚಿತ್ರಜೀವನದಲ್ಲಿ ಆಸ್ಕರ್ ನಾಮನಿರ್ದೇಶನ ಒಮ್ಮೆಯೂ ಸಿಗಲಿಲ್ಲ ಎಂಬುದು ನನ್ನನ್ನು ನೋಯಿಸುತ್ತದೆ.


ತುಂಗಾತೀರ

ಸಿನಿಮಾ ಪೋಷಕ ನಟರಿಗೆ ಹೆಸರು ಕೊಡಲಿಲ್ಲ ಎಂಬ ಮೂಲ ವಾದವನ್ನು ನಾನು ಒಪ್ಪುವುದಿಲ್ಲ. ವಾಲ್ಟರ್ ಬ್ರೆನನ್ ಅವರನ್ನು ನೋಡಿ. 1894ರಲ್ಲಿ ಹುಟ್ಟಿದ ಅವರು 1920ರ ದಶಕದಲ್ಲಿ ಗುಂಪಿನ ದೃಶ್ಯಗಳ ಎಕ್ಸ್‌ಟ್ರಾ ಆಗಿ ಚಿತ್ರರಂಗಕ್ಕೆ ಬಂದವರು. ಪೋಷಕ ನಟ ಆಸ್ಕರ್ ಆರಂಭವಾದದ್ದೇ 1936ರ ಚಿತ್ರಗಳಿಗೆ. ಮೊದಲ ಪ್ರಶಸ್ತಿಯೇ ‘ಕಮ್ ಆ್ಯಂಡ್ ಗೆಟ್ ಇಟ್’ ಚಿತ್ರಕ್ಕಾಗಿ ಬ್ರೆನನ್ ಅವರಿಗೆ ಸಂದಿತು. ಆಮೇಲೆ 1938ರ ‘ಕೆಂಟಕಿ’, 1940ರ ‘ದ ವೆಸ್ಟರ್ನರ್’. ಪೋಷಕ ನಟ ವಿಭಾಗದಲ್ಲಿ ಮೂರು ಆಸ್ಕರ್ ಪಡೆದವರು ಇಂದಿಗೂ ಅವರೊಬ್ಬರೇ.

1930ರ ದಶಕದ ಆರಂಭದಲ್ಲಿ ಚಿತ್ರೀಕರಣದ ವೇಳೆ ಆದ ಪೆಟ್ಟಿನಿಂದ ಅವರು ಹಲ್ಲುಗಳನ್ನು ಕಳೆದುಕೊಂಡರು. ಆ ಕೊರತೆಯನ್ನೇ ಅವರು ಕಸುಬಿನ ಸಾಧನವಾಗಿಸಿಕೊಂಡ ಬಗೆ ಆಶ್ಚರ್ಯಕರವಾದುದು. ಕಟ್ಟಿಸಿದ ಹಲ್ಲು ಹಾಕಿಕೊಂಡರೆ ನಡುವಯಸ್ಸಿನ ಗೃಹಸ್ಥ, ತೆಗೆದರೆ ಬೊಚ್ಚುಬಾಯಿಯ ಮುದುಕ. ನಲವತ್ತರ ಹರೆಯದಲ್ಲೇ ಎಪ್ಪತ್ತರ ಪಾತ್ರಗಳು ಅವರಿಗೆ ಒಲಿದದ್ದು ಹೀಗೆ. ಹಾವರ್ಡ್ ಹಾಕ್ಸ್ ನಿರ್ದೇಶಿಸಿದ 1948ರ ‘ರೆಡ್ ರಿವರ್’ನಲ್ಲಂತೂ ಅವರ ಪಾತ್ರ ಜೂಜಿನಲ್ಲಿ ಹಲ್ಲಿನ ಸೆಟ್ಟನ್ನೇ ಸೋಲುತ್ತದೆ. 1957ರಲ್ಲಿ ‘ದ ರಿಯಲ್ ಮೆಕಾಯ್ಸ್’ ಧಾರಾವಾಹಿಯ ಅಜ್ಜನಾಗಿ ಅವರು ಟಿವಿಗೆ ಬಂದಾಗ ಅವರ ಹೆಸರು ಆಗಲೇ ಮನೆಮಾತಾಗಿತ್ತು. ಟೆಲಿವಿಷನ್ ಅವರ ಹೆಸರನ್ನು ಬಳಸಿಕೊಂಡಿತೇ ಹೊರತು ಕೊಡಲಿಲ್ಲ.


ಹಳೆಪರದೆ

ಬ್ರೆನನ್ ಅವರ ಉದಾಹರಣೆ ಬಲವಾದುದು, ಆದರೆ ಅದು ನನ್ನ ವಾದವನ್ನೇ ಇನ್ನೊಂದು ಕಡೆಯಿಂದ ಎತ್ತಿಹಿಡಿಯುತ್ತದೆ. ಪೋಷಕ ನಟರಿಗೆ ಆ ಮೊದಲ ವರ್ಷಗಳಲ್ಲಿ ಕೊಡುತ್ತಿದ್ದುದು ಆಸ್ಕರ್ ಪ್ರತಿಮೆಯಲ್ಲ, ಫಲಕ. ನಾಯಕ ನಟರಿಗೆ ಪೂರ್ಣ ಪ್ರತಿಮೆ, ಪೋಷಕರಿಗೆ ಫಲಕ ಎಂಬ ಈ ಭೇದ 1942ರ ಚಿತ್ರಗಳ ಪ್ರಶಸ್ತಿಯವರೆಗೂ ನಡೆಯಿತು. ಬ್ರೆನನ್ ಅವರ ಮೂರೂ ಗೆಲುವುಗಳು ಫಲಕದ ಕಾಲದವು. ಅಲ್ಲದೆ, ಆಗ ಎಕ್ಸ್‌ಟ್ರಾ ಕಲಾವಿದರಿಗೂ ಮತದಾನದ ಹಕ್ಕಿತ್ತು, ತಮ್ಮೊಳಗಿನಿಂದಲೇ ಮೇಲೆ ಬಂದ ಬ್ರೆನನ್ ಅವರನ್ನು ಅವರು ಒಕ್ಕೊರಲಿನಿಂದ ಬೆಂಬಲಿಸಿದ್ದು ಆ ಗೆಲುವುಗಳಿಗೆ ಒಂದು ಕಾರಣವೆಂದು ಚಿತ್ರ ಇತಿಹಾಸಕಾರರು ಬರೆದಿದ್ದಾರೆ. ಆಮೇಲೆ ಎಕ್ಸ್‌ಟ್ರಾಗಳ ಆ ಹಕ್ಕನ್ನು ಹಿಂದಕ್ಕೆ ಪಡೆಯಲಾಯಿತು. ಬ್ರೆನನ್ ಅವರ ಪ್ರತಿಭೆಯನ್ನು ಇದರಿಂದ ಕುಗ್ಗಿಸುತ್ತಿಲ್ಲ. ಪೋಷಕ ನಟನನ್ನು ಗುರುತಿಸಿದವರು ಅವನ ಪಕ್ಕದಲ್ಲಿ ನಿಂತು ದುಡಿದವರು, ಸ್ಟುಡಿಯೋದ ಮೇಲಿನವರಲ್ಲ ಎಂಬುದಷ್ಟೇ ನನ್ನ ಮಾತು.


ಸಂಕಲನದ ಮೇಜು

ವೃತ್ತಿಯಿಂದ ಸಂಕಲನಕಾರನಾದ ನಾನು ತಾಂತ್ರಿಕ ವಿಷಯವೊಂದನ್ನು ಸೇರಿಸಬಯಸುತ್ತೇನೆ. 1951ರಲ್ಲಿ ಅಮೆರಿಕದ ಹೆಚ್ಚಿನ ಕಾರ್ಯಕ್ರಮಗಳು ನ್ಯೂಯಾರ್ಕಿನಿಂದ ನೇರ ಪ್ರಸಾರವಾಗುತ್ತಿದ್ದವು. ದೂರದ ಪಶ್ಚಿಮ ಕರಾವಳಿಯ ಪ್ರೇಕ್ಷಕರಿಗೆ ಸಿಗುತ್ತಿದ್ದುದು ಟಿವಿ ಪರದೆಯನ್ನೇ ಚಿತ್ರೀಕರಿಸಿ ಮಾಡಿದ ಮಸುಕು ಪ್ರತಿ. ‘ಐ ಲವ್ ಲೂಸಿ’ಯಲ್ಲಿ ಲೂಸಿ ಮತ್ತು ಆಕೆಯ ಗಂಡ ರಿಕಿಯಾಗಿ ನಟಿಸಿದ ಲೂಸಿಲ್ ಬಾಲ್ ಮತ್ತು ಡೆಸಿ ಆರ್ನಾಜ್ ದಂಪತಿಗೆ ಲಾಸ್ ಏಂಜಲೀಸ್ ಬಿಡಲು ಮನಸ್ಸಿರಲಿಲ್ಲ. ಅದಕ್ಕಾಗಿ ಅವರು 35 ಎಂಎಂ ಫಿಲ್ಮಿನಲ್ಲಿ, ಮೂರು ಕ್ಯಾಮೆರಾಗಳಲ್ಲಿ, ಮುನ್ನೂರರಷ್ಟು ಪ್ರೇಕ್ಷಕರ ಎದುರಿನಲ್ಲಿ ಚಿತ್ರೀಕರಿಸುವ ಕ್ರಮವನ್ನು ಆರಿಸಿಕೊಂಡರು. ಬೆಳಕಿನ ಹೊಣೆ ಹೊತ್ತವರು ಕಾರ್ಲ್ ಫ್ರಾಯಿಂಡ್, ಜರ್ಮನಿಯಲ್ಲಿ ‘ಮೆಟ್ರೊಪೊಲಿಸ್’ನ ಛಾಯಾಗ್ರಹಣದಲ್ಲಿ ದುಡಿದು ಬಂದ ಮಹಾನುಭಾವರು. ಮೂರು ಕ್ಯಾಮೆರಾಗಳು ಮೂರು ಕೋನಗಳಿಂದ ನೋಡುವಾಗಲೂ ಯಾರ ಮುಖದ ಮೇಲೂ ತಪ್ಪು ನೆರಳು ಬೀಳದಂತೆ ಅವರು ಬೆಳಕನ್ನು ಮೇಲಿನಿಂದ ಸಮವಾಗಿ ಹರಡಿದರು.

ಪೋಷಕ ನಟನಿಗೆ ಇದರಿಂದ ಆದ ವ್ಯತ್ಯಾಸ ದೊಡ್ಡದು. ಸಾಮಾನ್ಯ ಸಿನಿಮಾ ಚಿತ್ರೀಕರಣದಲ್ಲಿ ನಾಯಕನ ಹತ್ತಿರದ ಶಾಟ್ ತೆಗೆಯುವಾಗ ಪೋಷಕ ನಟ ಚೌಕಟ್ಟಿನ ಹೊರಗಿರುತ್ತಾನೆ, ಆ ಹೊತ್ತಿನ ಅವನ ನಟನೆ ಯಾರಿಗೂ ಕಾಣದು. ಮೂರು ಕ್ಯಾಮೆರಾಗಳು ಒಟ್ಟಿಗೆ ಓಡುವಾಗ ಅವನು ಇಡೀ ಹೊತ್ತು ಪಾತ್ರದೊಳಗೇ ಇರಬೇಕು, ಏಕೆಂದರೆ ಸಂಕಲನಕಾರ ಯಾವ ಕ್ಷಣದಲ್ಲಾದರೂ ಅವನ ಮುಖಕ್ಕೆ ಬರಬಹುದು. ಲೂಸಿ ಏನೋ ಯೋಜನೆ ಹೇಳುತ್ತಿರುವಾಗ ಮಾತಿಲ್ಲದೆ ನಿಂತ ಫ್ರಾಲಿಯವರ ಮುಖಕ್ಕೆ ಸಂಕಲನಕಾರ ಮತ್ತೆ ಮತ್ತೆ ಹೋಗುವುದನ್ನು ನೋಡಿದ್ದೇನೆ. ಹುಬ್ಬು ಒಂದಿಷ್ಟು ಏರುತ್ತದೆ, ತುಟಿ ಬಿಗಿಯುತ್ತದೆ, ಅಷ್ಟೆ. 1953ರ ಜನವರಿ 19ರ ‘ಲೂಸಿ ಗೋಸ್ ಟು ದ ಹಾಸ್ಪಿಟಲ್’ ಕಂತಿನಲ್ಲಿ ರಿಕಿ, ಫ್ರೆಡ್, ಫ್ರೆಡ್‌ನ ಹೆಂಡತಿ ಎಥೆಲ್ ಮೂವರೂ ಆಸ್ಪತ್ರೆಗೆ ಹೊರಡುವ ಕ್ರಮವನ್ನು ಶಾಂತವಾಗಿ ತಾಲೀಮು ಮಾಡುತ್ತಾರೆ. ನಿಜವಾದ ಹೊತ್ತು ಬಂದಾಗ ಒಬ್ಬರಿಗೊಬ್ಬರು ಡಿಕ್ಕಿ ಹೊಡೆದುಕೊಂಡು, ಗರ್ಭಿಣಿಯನ್ನೇ ಬಿಟ್ಟು ಬಾಗಿಲಾಚೆ ಓಡುತ್ತಾರೆ. ಆ ರಾತ್ರಿ ಅದನ್ನು ನೋಡಿದವರು ಸುಮಾರು 4.4 ಕೋಟಿ ಜನ. ಆ ಗೊಂದಲ ಗೊಂದಲವಾಗಿ ಕಾಣಬೇಕಾದರೆ ಮೂವರ ಹೆಜ್ಜೆಯೂ ಅಳತೆಗೆ ಸರಿಯಾಗಿ ಬೀಳಬೇಕು.


ಮೈಸೂರಿನ ಓದುಗಿ

ಚರ್ಚೆ ಫ್ರಾಲಿಯವರ ಗುಣಗಾನವಾಗಿಬಿಡುವ ಮೊದಲು ವಿವಿಯನ್ ವಾನ್ಸ್ ಅವರ ಹೆಸರು ಬರಬೇಕು. ಎಥೆಲ್ ಮರ್ಟ್ಜ್ ಆಗಿ ನಟಿಸಿದ ಅವರು ಹುಟ್ಟಿದ್ದು 1909ರಲ್ಲಿ, ಅಂದರೆ ತೆರೆಯ ಮೇಲಿನ ಗಂಡನಿಗಿಂತ 22 ವರ್ಷ ಚಿಕ್ಕವರು. ತಂದೆಯ ವಯಸ್ಸಿನವರ ಹೆಂಡತಿಯಾಗಿ ನಟಿಸುವುದು ಅವರಿಗೆ ರುಚಿಸಿರಲಿಲ್ಲ, ಅದನ್ನು ಅವರು ಆಡಿಕೊಂಡದ್ದು ಫ್ರಾಲಿಯವರ ಕಿವಿಗೆ ಬಿದ್ದಿತ್ತು. ಅಂದಿನಿಂದ ಇಬ್ಬರ ನಡುವೆ ಸೌಹಾರ್ದ ಬೆಳೆಯಲೇ ಇಲ್ಲ. ಫ್ರಾಲಿ ಮಾತಿನಲ್ಲಿ ಬಹಳ ಒರಟರಾಗಿದ್ದರೆಂಬುದನ್ನು ಅವರ ಜೊತೆ ದುಡಿದವರು ಮರೆಮಾಚಿಲ್ಲ. ಇಂಥ ಸಹನಟನ ಜೊತೆ ವರ್ಷಗಟ್ಟಲೆ ದಾಂಪತ್ಯದ ಹಾಸ್ಯವನ್ನು ಸಾಧಿಸಿದ ವಾನ್ಸ್ ಅವರ ಶ್ರಮಕ್ಕೆ ಹೆಚ್ಚಿನ ಬೆಲೆ ಸಲ್ಲಬೇಕೆಂಬುದು ನನ್ನ ನಿಲುವು.

ಆ ಬೆಲೆ ಸ್ವಲ್ಪಮಟ್ಟಿಗೆ ಸಂದಿತು ಕೂಡ. 1954ರ ಫೆಬ್ರವರಿಯಲ್ಲಿ ವಾನ್ಸ್ ಅವರಿಗೆ ಟೆಲಿವಿಷನ್ನಿನ ಎಮ್ಮಿ ಪ್ರಶಸ್ತಿ ಪೋಷಕ ನಟಿ ವಿಭಾಗದಲ್ಲಿ ಬಂದಿತು. ಫ್ರಾಲಿ ಸತತ ಐದು ಸಲ ನಾಮನಿರ್ದೇಶನಗೊಂಡರೂ ಒಮ್ಮೆಯೂ ಗೆಲ್ಲಲಿಲ್ಲ. ಮುಂದೆ ಫ್ರೆಡ್ ಮತ್ತು ಎಥೆಲ್‌ರನ್ನೇ ಇಟ್ಟುಕೊಂಡು ಪ್ರತ್ಯೇಕ ಧಾರಾವಾಹಿ ಮಾಡುವ ಪ್ರಸ್ತಾಪ ಬಂದಾಗ ಫ್ರಾಲಿ ಒಪ್ಪಿದರು, ವಾನ್ಸ್ ನಿರಾಕರಿಸಿದರು. ಒಳ್ಳೆಯ ಆದಾಯ ತಪ್ಪಿತೆಂದು ಫ್ರಾಲಿ ಸಿಟ್ಟಾದರು. ಆದರೆ ಮನಸ್ಸಿಗೆ ಒಗ್ಗದ ಜೊತೆಯನ್ನು ಹಣಕ್ಕಾಗಿ ಮುಂದುವರಿಸುವುದಿಲ್ಲವೆನ್ನುವ ಸ್ವಾತಂತ್ರ್ಯ ಒಬ್ಬ ನಟಿಗೆ ಬೇಡವೇ?


ಹಳೆಪರದೆ

ಓದುಗಿಯವರ ಮಾತನ್ನು ಪೂರ್ಣವಾಗಿ ಒಪ್ಪುತ್ತೇನೆ. ಫ್ರಾಲಿ ಸುಲಭದ ಮನುಷ್ಯರಾಗಿರಲಿಲ್ಲ. ಪಾತ್ರ ಸಿಕ್ಕ ಬಗೆಯೂ ಇದನ್ನೇ ಹೇಳುತ್ತದೆ. ಫ್ರೆಡ್‌ನ ಪಾತ್ರಕ್ಕೆ ಮೊದಲು ಯೋಚಿಸಿದ್ದು ಗೇಲ್ ಗಾರ್ಡನ್ ಅವರನ್ನು, ಎಥೆಲ್‌ಗೆ ಬೀ ಬೆನಡರೆಟ್ ಅವರನ್ನು. ಇಬ್ಬರಿಗೂ ಬೇರೆ ಕೆಲಸಗಳ ಕಟ್ಟು ಇತ್ತು. ಸಿನಿಮಾದ ಕರೆಗಳು ಕಡಿಮೆಯಾಗಿದ್ದ ಫ್ರಾಲಿ ತಾವೇ ಲೂಸಿಲ್ ಬಾಲ್ ಅವರಿಗೆ ಫೋನ್ ಮಾಡಿ, ನನಗೇನಾದರೂ ಕೆಲಸವಿದೆಯೇ ಎಂದು ಕೇಳಿದರು. ಅವರ ಕುಡಿತದ ಬಗ್ಗೆ ಸಿಬಿಎಸ್ ವಾಹಿನಿಯೂ ಪ್ರಾಯೋಜಕರೂ ಎಚ್ಚರಿಸಿದ್ದರು. ಕುಡಿತದಿಂದಾಗಿ ಕೆಲಸ ತಪ್ಪಿದರೆ ಪಾತ್ರವನ್ನೇ ತೆಗೆದುಹಾಕುತ್ತೇನೆಂದು ಡೆಸಿ ಆರ್ನಾಜ್ ನೇರವಾಗಿ ಹೇಳಿಯೇ ಅವರನ್ನು ತೆಗೆದುಕೊಂಡರು. ಫ್ರಾಲಿ ಕೇಳಿಕೊಂಡದ್ದು ಒಂದೇ ರಿಯಾಯಿತಿ: ಯಾಂಕೀಸ್ ತಂಡ ಬೇಸ್‌ಬಾಲ್ ವರ್ಲ್ಡ್ ಸೀರೀಸ್ ತಲುಪಿದರೆ ಆ ದಿನಗಳಲ್ಲಿ ರಜೆ. 1957ರ ಮೇ ತಿಂಗಳವರೆಗೆ ನಡೆದ 180 ಕಂತುಗಳ ಅವಧಿಯಲ್ಲಿ ಕುಡಿತದ ಕಾರಣಕ್ಕೆ ಕೆಲಸ ನಿಂತ ಪ್ರಸಂಗ ಬರಲಿಲ್ಲ. ಇದನ್ನು ನಾನು ಸಣ್ಣ ಸಂಗತಿಯೆಂದು ತಿಳಿಯುವುದಿಲ್ಲ.


ತುಂಗಾತೀರ

ಹೆಸರಿನ ಮಾತು ಸಾಕು, ಹಣದ ಮಾತನ್ನೂ ಆಡೋಣ. ಟೆಲಿವಿಷನ್ ಈ ನಟರನ್ನು ಕೈಹಿಡಿಯಿತು ಎನ್ನುವಾಗ ಅದೇ ಟೆಲಿವಿಷನ್ ಅವರ ಹಳೆಯ ದುಡಿಮೆಯನ್ನು ಪುಕ್ಕಟೆಯಾಗಿ ಬಳಸಿಕೊಂಡಿತು ಎಂಬುದನ್ನು ಮರೆಯಬಾರದು. ಪ್ಯಾರಮೌಂಟ್ ಸಂಸ್ಥೆ ತನ್ನ ಹಳೆಯ ವಾಕ್ಚಿತ್ರಗಳಲ್ಲಿ ಸುಮಾರು 700ನ್ನು 1958ರಲ್ಲಿ ಎಂಸಿಎ ಕಂಪನಿಗೆ 5 ಕೋಟಿ ಡಾಲರಿಗೆ ಮಾರಿತು. ಫ್ರಾಲಿಯವರ 1930ರ ದಶಕದ ದುಡಿಮೆಯ ದೊಡ್ಡ ಭಾಗ ಇರುವುದು ಪ್ಯಾರಮೌಂಟ್ ಚಿತ್ರಗಳಲ್ಲೇ. ಅವೆಲ್ಲ ರಾತ್ರಿಯ ಹೊತ್ತು ಟಿವಿಯಲ್ಲಿ ಬರತೊಡಗಿದಾಗ ನಟರಿಗೆ ಒಂದು ಕಾಸೂ ಸಲ್ಲಲಿಲ್ಲ. 1960ರಲ್ಲಿ ನಟರ ಸಂಘ ಮುಷ್ಕರ ಹೂಡಿ ಗೆದ್ದುಕೊಂಡ ಮರುಪ್ರಸಾರದ ಸಂಭಾವನೆ ಆ ವರ್ಷದಿಂದ ಮುಂದಿನ ಚಿತ್ರಗಳಿಗೆ ಮಾತ್ರ ಅನ್ವಯಿಸಿತು. ಹಿಂದಿನ ಚಿತ್ರಗಳ ಬದಲಿಗೆ ನಿರ್ಮಾಪಕರು ಪಿಂಚಣಿ ಮತ್ತು ಆರೋಗ್ಯ ನಿಧಿಗೆ 22.5 ಲಕ್ಷ ಡಾಲರ್ ಕೊಟ್ಟು ಕೈತೊಳೆದುಕೊಂಡರು. ತಾರೆಯರಿಗೆ ಬೇರೆ ಆದಾಯವಿತ್ತು. ದಿನಗೂಲಿಯಂತೆ, ವಾರದ ಸಂಬಳದಂತೆ ದುಡಿದ ಪೋಷಕ ನಟರಿಗೆ ಈ ಒಪ್ಪಂದದಿಂದ ಆದ ನಷ್ಟವನ್ನು ಯಾವ ಪ್ರಶಸ್ತಿಯೂ ತುಂಬಿಕೊಡಲಾರದು.


ರಂಗಾಸಕ್ತ

ತುಂಗಾತೀರದವರು ಹೇಳಿದ್ದು ನ್ಯಾಯವಾದ ಮಾತು. ಕೊನೆಯ ಘಟ್ಟದ ಬಗ್ಗೆ ಯಾರೂ ಬರೆಯಲಿಲ್ಲವಾದ್ದರಿಂದ ನಾನೇ ಬರೆಯುತ್ತೇನೆ. 1960ರಲ್ಲಿ ‘ಮೈ ಥ್ರೀ ಸನ್ಸ್’ ಆರಂಭವಾದಾಗ ಫ್ರಾಲಿಯವರಿಗೆ 73 ವರ್ಷ. ಅಲ್ಲಿ ಮೂವರು ಮೊಮ್ಮಕ್ಕಳ ಮನೆಯನ್ನು ನೋಡಿಕೊಳ್ಳುವ ತಾತ ‘ಬಬ್’ ಅವರು. ನಾಯಕ ಫ್ರೆಡ್ ಮ್ಯಾಕ್‌ಮರ್ರಿ ವರ್ಷಕ್ಕೆ 65 ದಿನ ಮಾತ್ರ ಕೆಲಸ ಮಾಡುವ ಷರತ್ತು ಹಾಕಿದ್ದರಿಂದ, ಅವರ ದೃಶ್ಯಗಳನ್ನೆಲ್ಲ ಒಟ್ಟಿಗೆ ತೆಗೆದು, ಉಳಿದವರ ದೃಶ್ಯಗಳನ್ನು ತಿಂಗಳುಗಳ ನಂತರ ತೆಗೆದು ಜೋಡಿಸುತ್ತಿದ್ದರು. ‘ಐ ಲವ್ ಲೂಸಿ’ಯಲ್ಲಿ ನಾಟಕದ ಹಾಗೆ ಮೊದಲಿನಿಂದ ಕೊನೆಯವರೆಗೆ ಕ್ರಮವಾಗಿ, ಪ್ರೇಕ್ಷಕರ ನಗುವನ್ನು ಕೇಳುತ್ತ ನಟಿಸಿದ್ದವರಿಗೆ ಈ ಚೂರುಪಾರು ಚಿತ್ರೀಕರಣ ಹಿಡಿಸಲಿಲ್ಲ. 1965ರ ಹೊತ್ತಿಗೆ ಅವರ ಆರೋಗ್ಯ ಕೆಟ್ಟು, ವಿಮೆ ಸಿಗದ ಕಾರಣಕ್ಕೆ ಸಂಸ್ಥೆ ಅವರನ್ನು ಬಿಡಬೇಕಾಯಿತು. ಅವರ ಜಾಗಕ್ಕೆ ಬಂದ ವಿಲಿಯಂ ಡೆಮರೆಸ್ಟ್ ಕೂಡ ವಾಡ್‌ವಿಲ್‌ನಿಂದಲೇ ಬಂದವರು, 1927ರ ‘ದ ಜಾಝ್ ಸಿಂಗರ್’ನಿಂದಲೂ ಚಿತ್ರಗಳಲ್ಲಿದ್ದ ಹಿರಿಯರು. ತನ್ನ ಸ್ಥಾನ ಇನ್ನೊಬ್ಬರಿಗೆ ಹೋದದ್ದನ್ನು ಫ್ರಾಲಿ ಸುಲಭವಾಗಿ ಸಹಿಸಲಿಲ್ಲ. ಆದರೆ ಹಳೆಯ ಪೀಳಿಗೆಯ ಪೋಷಕ ನಟನ ಜಾಗವನ್ನು ತುಂಬಲು ಅದೇ ಪೀಳಿಗೆಯ ಇನ್ನೊಬ್ಬ ಪೋಷಕ ನಟನನ್ನೇ ಹುಡುಕಬೇಕಾಯಿತು ಎಂಬುದು ಹಳೆಪರದೆಯವರ ಮೂಲ ವಾದಕ್ಕೆ ಒಳ್ಳೆಯ ಆಧಾರ.

1966ರ ಮಾರ್ಚ್ 3ರಂದು ಹಾಲಿವುಡ್ ಬುಲೆವಾರ್ಡಿನಲ್ಲಿ ನಡೆದು ಹೋಗುತ್ತಿದ್ದಾಗ ಹೃದಯಾಘಾತವಾಗಿ ಅವರು ತೀರಿಕೊಂಡರು. ಆಗ ಅವರಿಗೆ 79 ವರ್ಷ.


ನ್ಯೂಜೆರ್ಸಿ ಕನ್ನಡತಿ

ಹೊಸದಾಗಿ ನೋಡಬಯಸುವವರು ಎಲ್ಲಿಂದ ಆರಂಭಿಸಬೇಕೆಂದು ಹಳೆಪರದೆಯವರು ತಿಳಿಸಿದರೆ ಉಪಕಾರವಾಗುತ್ತದೆ.


ಹಳೆಪರದೆ

‘ಐ ಲವ್ ಲೂಸಿ’ಯಿಂದ ಆರಂಭಿಸಬೇಡಿ ಎಂಬುದು ನನ್ನ ಮೊದಲ ಸಲಹೆ. ‘ಜೆಂಟಲ್‌ಮನ್ ಜಿಮ್’ ನೋಡಿ, ಆಮೇಲೆ ನೀವೇ ವಿವರಿಸಿದ ‘ಮಿರಾಕಲ್ ಆನ್ 34ತ್ ಸ್ಟ್ರೀಟ್’ ನೋಡಿ. ಅದೇ 1947ರಲ್ಲಿ ಚಾರ್ಲಿ ಚಾಪ್ಲಿನ್ ಅವರ ‘ಮೊಸ್ಯೋ ವೆರ್ಡೂ’ ಚಿತ್ರದಲ್ಲೂ ಅವರಿಗೊಂದು ಸಣ್ಣ ಪಾತ್ರವಿದೆ. ಹುಡುಕಿ ನೋಡಬೇಕಾದಷ್ಟು ಸಣ್ಣದು, ಆದರೂ ಬಿಡಬೇಡಿ. ಇಷ್ಟಾದ ಮೇಲೆ ‘ಮರ್ಟ್ಜ್ ಆ್ಯಂಡ್ ಕರ್ಟ್ಜ್’ ಕಂತಿಗೆ ಬನ್ನಿ. ಓದುಗಿಯವರು ಎತ್ತಿದ ಪ್ರಶ್ನೆ ಇನ್ನೂ ಬಾಕಿ ಇದೆ, ವಿವಿಯನ್ ವಾನ್ಸ್ ಅವರ ರಂಗಭೂಮಿಯ ವರ್ಷಗಳ ಬಗ್ಗೆ ಅವರೇ ಬೇರೆ ಚರ್ಚೆಯೊಂದನ್ನು ಆರಂಭಿಸಬೇಕೆಂದು ಕೋರುತ್ತೇನೆ.